ಗುರುವಾರ ಗೆದ್ದು ಭಾನುವಾರ ಸೋಲುವ ಲೀಗ್

2025ರ ಮೇ 28, ಪೋಲೆಂಡಿನ ವ್ರೋತ್ಸ್ವಾಫ್ ನಗರ. ಯುರೋಪಿನ ಕ್ಲಬ್ ಟೂರ್ನಿಗಳಲ್ಲಿ ಮೂರನೆಯದಾದ ಕಾನ್ಫರೆನ್ಸ್ ಲೀಗ್‌ನ ಫೈನಲ್ ಅಂದು ಅಲ್ಲಿ ನಡೆಯಿತು. ಲಂಡನ್ನಿನ ಚೆಲ್ಸಿ ಸ್ಪೇನಿನ ರಿಯಲ್ ಬೆಟಿಸ್ ತಂಡವನ್ನು 4-1ರಿಂದ ಸೋಲಿಸಿತು. ಪೋಲೆಂಡಿನವರ ಪಾಲಿಗೆ ಇದು ಸುಮ್ನೆ ಊಟ ಮಾಡಿ ಎದ್ದುಬರುವಂಥ ಬೇರೆಯವರ ಮನೆ ಮದುವೆ ಆಗಿರಲಿಲ್ಲ. ಕ್ವಾರ್ಟರ್‌ಫೈನಲ್‌ನಲ್ಲಿ ಚೆಲ್ಸಿ ಹೊರಗೆ ಕಳಿಸಿದ್ದು ವಾರ್ಸಾದ ಲೆಗಿಯಾ ಕ್ಲಬ್ಬನ್ನು. ಬೆಟಿಸ್ ಹೊರಗೆ ಕಳಿಸಿದ್ದು ಬಿಯಾವಿಸ್ತೋಕ್ ನಗರದ ಯಾಗಿಯೆಲೋನಿಯಾವನ್ನು. ಇನ್ನು ಫೈನಲ್ ನಡೆದ ಆ ಸ್ಟೇಡಿಯಂ ಇದೆಯಲ್ಲ, ಅದು ಶ್ಲೊಂಸ್ಕ್ ಅನ್ನೋ ಕ್ಲಬ್ಬಿನ ಮನೆ. ಆ ಕ್ಲಬ್ ಅದೇ ತಿಂಗಳು ಪೋಲೆಂಡಿನ ಮೊದಲ ದರ್ಜೆಯ ಲೀಗ್‌ನಿಂದಲೇ ಕೆಳಗೆ ಬಿದ್ದಿತ್ತು. ಅದಕ್ಕೂ ಒಂದು ವರ್ಷ ಮುಂಚೆ ಅದೇ ಲೀಗ್‌ನಲ್ಲಿ ಎರಡನೇ ಸ್ಥಾನ ಪಡೆದಿತ್ತು.

ಹಾಗಾದರೆ ಆ ವರ್ಷ ಲೀಗ್ ಗೆದ್ದವರು ಯಾರು? ಫೈನಲ್‌ಗೆ ನಾಲ್ಕು ದಿನ ಮುಂಚೆ, ಮೇ 24ರಂದು, ಲೆಖ್ ಪೋಜ್ನಾನ್ ತಂಡ ತನ್ನ ಮೈದಾನದಲ್ಲಿ ಪಿಯಾಸ್ಟ್ ಗ್ಲಿವಿತ್ಸೆಯನ್ನು 1-0ರಿಂದ ಸೋಲಿಸಿ ಚಾಂಪಿಯನ್ ಆಯಿತು. ಆ ಸೀಸನ್‌ನಲ್ಲಿ ಲೆಖ್ ಯುರೋಪಿನ ಟೂರ್ನಿಯಲ್ಲಿ ಒಂದೇ ಒಂದು ಪಂದ್ಯ ಆಡಿರಲಿಲ್ಲ. ಒಂದು ಅಂಕ ಹಿಂದೆ ಎರಡನೇ ಸ್ಥಾನದಲ್ಲಿ ನಿಂತ ರಾಕುವ್ ಚೆನ್ಸ್ತೊಹೋವಾ ಕೂಡ ಆಡಿರಲಿಲ್ಲ.

ಮೊದಲ ಸಲ ಗಮನಿಸಿದಾಗ ಇದು ಕಾಕತಾಳೀಯ ಅನಿಸಿತು. ಹಿಂದಿನ ವರ್ಷಗಳ ಅಂಕಪಟ್ಟಿ ತೆಗೆದು ಕೂತ ಮೇಲೆ ಹಾಗೆ ಅನಿಸಲಿಲ್ಲ.

ಎಕ್ಸ್ಟ್ರಾಕ್ಲಾಸಾ ಅನ್ನೋದು ಈ ಲೀಗ್‌ನ ಹೆಸರು. ಪೋಲೆಂಡಿನಲ್ಲಿ ರಾಷ್ಟ್ರೀಯ ಲೀಗ್ ಶುರುವಾಗಿದ್ದು 1927ರಲ್ಲಿ. ಈಗ 18 ತಂಡಗಳಿವೆ, ಒಬ್ಬೊಬ್ಬರಿಗೂ 34 ಪಂದ್ಯ. ಕೊನೆಯ ಮೂರು ತಂಡ ಕೆಳಗಿನ ಲೀಗ್‌ಗೆ ಇಳಿಯುತ್ತವೆ. ಡಿಸೆಂಬರ್‌ನಲ್ಲಿ ಹಿಮ ಬೀಳತೊಡಗಿದರೆ ಆಟಕ್ಕೆ ಬಿಡುವು, ಮತ್ತೆ ಶುರುವಾಗೋದು ಹೆಚ್ಚುಕಡಿಮೆ ಫೆಬ್ರವರಿಗೆ. ನಮ್ಮ ಐಎಸ್‌ಎಲ್ (ಇಂಡಿಯನ್ ಸೂಪರ್ ಲೀಗ್) ನೋಡುವವರಿಗೆ ಇಲ್ಲಿಯ ಒಂದೆರಡು ಮುಖಗಳ ಪರಿಚಯ ಇದ್ದೀತು. 2018-19ರಲ್ಲಿ ಗೂರ್ನಿಕ್ ಜಾಬ್ಜೆ ಪರ 24 ಗೋಲು ಹೊಡೆದು ಎಕ್ಸ್ಟ್ರಾಕ್ಲಾಸಾದಲ್ಲೇ ಮೊದಲಿಗನಾದ ಇಗೋರ್ ಅಂಗುಲೊ, 2020-21ರಲ್ಲಿ ಎಫ್‌ಸಿ ಗೋವಾ ಪರ 14 ಗೋಲು ಹೊಡೆದು ಗೋಲ್ಡನ್ ಬೂಟ್ ತಗೊಂಡವರು. ಕೇರಳ ಬ್ಲಾಸ್ಟರ್ಸ್‌ಗೆ ಬಂದ ಹೆಸುಸ್ ಹಿಮೆನೆಸ್ ಕೂಡ ಹಿಂದೆ ಅದೇ ಗೂರ್ನಿಕ್‌ನಲ್ಲಿ ಆಡಿದವರು. ಆದರೆ ಐಎಸ್‌ಎಲ್‌ನಲ್ಲಿ ಕೊನೆಯ ಸ್ಥಾನಕ್ಕೆ ಬಂದರೂ ಮುಂದಿನ ವರ್ಷ ಮತ್ತೆ ಅಲ್ಲೇ ಆಡಬಹುದಿತ್ತು. ಪೋಲೆಂಡಿನಲ್ಲಿ ಆ ನೆಮ್ಮದಿ ಇಲ್ಲ.

ಈಗ ಅಂಕಪಟ್ಟಿಗೆ ಬರೋಣ. ಯುರೋಪಿನ ಟೂರ್ನಿಗಳಲ್ಲಿ ಎರಡು ಹಂತ. ಜುಲೈ, ಆಗಸ್ಟ್‌ನಲ್ಲಿ ಅರ್ಹತಾ ಪಂದ್ಯಗಳು. ಅವನ್ನು ದಾಟಿದವರಿಗೆ ಮಾತ್ರ ಶರತ್ಕಾಲದ ಮುಖ್ಯ ಹಂತ. ಮೊದಲು ಅದನ್ನು ಗುಂಪು ಹಂತ ಅನ್ನುತ್ತಿದ್ದರು, 2024ರಿಂದ ಲೀಗ್ ಹಂತ ಅನ್ನುತ್ತಾರೆ. 2017-18ರಿಂದ 2024-25ರ ತನಕ ಎಂಟು ಸೀಸನ್ ನಡೆದವು. ಈ ಎಂಟರಲ್ಲೂ ಪೋಲೆಂಡಿನ ಚಾಂಪಿಯನ್ ಆದ ತಂಡ ಅದೇ ವರ್ಷ ಆ ಮುಖ್ಯ ಹಂತದಲ್ಲಿ ಆಡಿದ್ದೇ ಇಲ್ಲ. ಎಂಟಕ್ಕೆ ಎಂಟೂ.

ಇಲ್ಲಿ ಸ್ವಲ್ಪ ಹುಷಾರಾಗಿರಬೇಕು. ಈ ಎಂಟರಲ್ಲಿ ಮೊದಲ ಮೂರು ವರ್ಷ ಪೋಲೆಂಡಿನ ಯಾವ ಕ್ಲಬ್ಬೂ ಮುಖ್ಯ ಹಂತ ತಲುಪಲೇ ಇಲ್ಲ. ಪರೀಕ್ಷೆಗೇ ಕೂರದವರನ್ನು ನಪಾಸು ಅನ್ನೋಕಾಗಲ್ಲ ಅಲ್ವಾ? ಹಾಗಾಗಿ ಲೆಕ್ಕ ಶುರುಮಾಡಬೇಕಾದ್ದು 2020-21ರಿಂದ. ಆ ವರ್ಷ ಲೆಖ್ ಯುರೋಪಿನ ಎರಡನೇ ಟೂರ್ನಿಯಾದ ಯುರೋಪಾ ಲೀಗ್‌ನಲ್ಲಿ ಬೆನ್ಫಿಕಾ, ರೇಂಜರ್ಸ್ ತಂಡಗಳ ಗುಂಪಿನಲ್ಲಿ ಆಡಿತು, ಮನೆಯ ಲೀಗ್‌ನಲ್ಲಿ 11ನೇ ಸ್ಥಾನಕ್ಕೆ ಜಾರಿತು. ಮರುವರ್ಷ ಲೆಗಿಯಾ ಸರದಿ. ಅದು ಹಾಲಿ ಚಾಂಪಿಯನ್. ಯುರೋಪಾ ಲೀಗ್‌ನಲ್ಲಿ ಮಾಸ್ಕೋಗೆ ಹೋಗಿ ಸ್ಪಾರ್ಟಕ್‌ಅನ್ನು ಸೋಲಿಸಿತು, ಮನೆಯಲ್ಲಿ ಲೆಸ್ಟರ್ ಸಿಟಿಯನ್ನು ಸೋಲಿಸಿತು. ಎರಡು ಪಂದ್ಯ ಮುಗಿದಾಗ ಗುಂಪಿನಲ್ಲಿ ಅದೇ ಮೊದಲು. ಅತ್ತ ಮನೆಯ ಲೀಗ್‌ನಲ್ಲಿ ಒಂದರ ಹಿಂದೊಂದು ಸೋಲು. ಡಿಸೆಂಬರ್‌ನಲ್ಲಿ ಸಿಟ್ಟಿಗೆದ್ದ ಗುಂಪೊಂದು ತಂಡದ ಬಸ್ಸನ್ನೇ ತಡೆದು ಆಟಗಾರರ ಮೇಲೆ ಕೈಮಾಡಿತು. ಕೊನೆಗೆ 10ನೇ ಸ್ಥಾನ. ಹಾಲಿ ಚಾಂಪಿಯನ್‌ಗೆ ಹತ್ತು!

2022-23ರಲ್ಲಿ ಲೆಖ್ ಕಾನ್ಫರೆನ್ಸ್ ಲೀಗ್‌ನ ಕ್ವಾರ್ಟರ್‌ಫೈನಲ್ ತನಕ ಹೋಯಿತು, ಲೀಗ್‌ನಲ್ಲಿ ಮೂರನೆಯದಾಯಿತು. 2023-24ರಲ್ಲಿ ಲೆಗಿಯಾ ಮೂರು, ಹಾಲಿ ಚಾಂಪಿಯನ್ ರಾಕುವ್ ಏಳು. 2024-25ರಲ್ಲಿ ಹಾಲಿ ಚಾಂಪಿಯನ್ ಯಾಗಿಯೆಲೋನಿಯಾ ಮೂರು, ಲೆಗಿಯಾ ಐದು. ಒಟ್ಟು ಏಳು ಪ್ರಯತ್ನ. ಏಳರಲ್ಲಿ ಒಂದಕ್ಕೂ ಮೊದಲೆರಡು ಸ್ಥಾನ ಸಿಗಲಿಲ್ಲ. ಸರಾಸರಿ ತೆಗೆದರೆ ಆರನೇ ಸ್ಥಾನ ಬರುತ್ತದೆ. ಏಳು ಅನ್ನೋದು ದೊಡ್ಡ ಸಂಖ್ಯೆ ಏನಲ್ಲ, ಒಪ್ಪಿದೆ. ಆದರೂ ಇವೆಲ್ಲ ದೇಶದ ದೊಡ್ಡ ಕ್ಲಬ್ಬುಗಳು. ಪ್ರಶಸ್ತಿಗೆಂದೇ ಸೀಸನ್ ಶುರುಮಾಡುವವರು.

ಗುರುವಾರ ಅನ್ನೋದು ಇಲ್ಲಿಯ ಕೀಲಿಕೈ. ಚಾಂಪಿಯನ್ಸ್ ಲೀಗ್ ಮಂಗಳವಾರ, ಬುಧವಾರ ನಡೆಯುತ್ತದೆ. ಯುರೋಪಾ ಲೀಗ್, ಕಾನ್ಫರೆನ್ಸ್ ಲೀಗ್ ಬಹುಪಾಲು ಗುರುವಾರ. ತಡವಾದ ಪಂದ್ಯ ಅಲ್ಲಿಯ ರಾತ್ರಿ ಒಂಬತ್ತಕ್ಕೆ ಶುರುವಾಗುತ್ತದೆ. ಚಳಿಗಾಲದಲ್ಲಿ ನಮ್ಮ ಕಡೆ ಆಗ ರಾತ್ರಿ ಒಂದೂವರೆ, ಹಾಗಾಗಿ ಶುಕ್ರವಾರ ಬೆಳಗ್ಗೆ ಕೆಂಪು ಕಣ್ಣು ಹೊತ್ತು ಕೆಲಸಕ್ಕೆ ಹೋಗುವ ಕಷ್ಟ ನಮಗೂ ಗೊತ್ತು. ಆಟಗಾರರ ಕಷ್ಟ ಬೇರೆ. ಪಂದ್ಯ ಮುಗಿಸಿ ವಿಮಾನ ಹತ್ತಿ ಊರು ಸೇರುವಾಗ ಶುಕ್ರವಾರ ಬೆಳಕು ಹರಿದಿರುತ್ತದೆ. ಆ ದಿನ ಮೈಕೈ ನೋವು ಇಳಿಸೋದಕ್ಕೇ ಹೋಗುತ್ತದೆ. ಶನಿವಾರ ಸ್ವಲ್ಪ ಓಡಾಟ, ಎದುರಾಳಿಯ ವಿಡಿಯೊ ಒಂದಷ್ಟು. ಭಾನುವಾರ ಮತ್ತೆ ಪಂದ್ಯ. ಕೋಚ್‌ಗೆ ಏನಾದರೂ ಹೊಸದು ಕಲಿಸಬೇಕು ಅಂದರೆ ದಿನವೇ ಉಳಿದಿಲ್ಲ.

2024ರ ನವೆಂಬರ್‌ನಲ್ಲಿ ಇದು ಕಣ್ಣಿಗೆ ಕಟ್ಟುವ ಹಾಗೆ ಕಂಡಿತು. 7ನೇ ತಾರೀಕು ಗುರುವಾರ ಲೆಗಿಯಾ ತನ್ನ ಮೈದಾನದಲ್ಲಿ ದಿನಾಮೊ ಮಿನ್ಸ್ಕ್ ತಂಡವನ್ನು 4-0ರಿಂದ ಹೊಡೆದು ಹಾಕಿತು. 10ನೇ ತಾರೀಕು ಭಾನುವಾರ ಪೋಜ್ನಾನ್‌ಗೆ ಹೋಯಿತು. ಲೆಖ್ ಇಡೀ ವಾರ ಆ ಒಂದು ಪಂದ್ಯಕ್ಕೆಂದೇ ತಯಾರಾಗಿ ಕೂತಿತ್ತು. ಫಲಿತಾಂಶ 5-2. ಪೋಲೆಂಡಿನಲ್ಲಿ ಲೆಖ್ ವಿರುದ್ಧ ಲೆಗಿಯಾ ಅಂದರೆ ಬರೀ ಪಂದ್ಯ ಅಲ್ಲ, ಹಳೇ ಜಿದ್ದು. ಅಂಥ ಕಡೆ ಐದು ಗೋಲು ತಿಂದು ಬರೋದು ಅಂದರೆ ಅವಮಾನ.

ಇಡೀ ವರ್ಷದ ಲೆಕ್ಕ ನೋಡಿದರೆ ವ್ಯತ್ಯಾಸ ಇನ್ನೂ ಜಾಸ್ತಿ ಕಾಣುತ್ತದೆ. ಲೆಖ್ 34 ಲೀಗ್ ಪಂದ್ಯ ಆಡಿತು. ಪೋಲಿಷ್ ಕಪ್‌ನಲ್ಲಿ ಮೊದಲ ಪಂದ್ಯದಲ್ಲೇ ಮೂರನೇ ದರ್ಜೆಯ ರೆಸೋವಿಯಾ ಎದುರು ಸೋತು ಹೊರಬಿತ್ತು. ಆಗ ಎಲ್ಲರೂ ನಕ್ಕರು. ಆದರೆ ಹೊರೆ ಅಷ್ಟಕ್ಕೇ ಇಳಿಯಿತು: ಇಡೀ ವರ್ಷಕ್ಕೆ 35 ಪಂದ್ಯ. ಲೆಗಿಯಾ 34 ಲೀಗ್ ಪಂದ್ಯದ ಮೇಲೆ ಯುರೋಪಿನಲ್ಲಿ 16 ಆಡಿತು. ಪೋಲಿಷ್ ಕಪ್‌ನಲ್ಲಿ ಐದು ಪಂದ್ಯ ಆಡಿ ಅದನ್ನೂ ಗೆದ್ದಿತು. ಒಟ್ಟು 55. ಎರಡು ತಂಡಗಳ ನಡುವೆ ಇಪ್ಪತ್ತು ಪಂದ್ಯಗಳ ಅಂತರ. ಲೀಗ್‌ನಲ್ಲಿ ಅವುಗಳ ನಡುವಿನ ಅಂತರ 16 ಅಂಕ: ಲೆಖ್ 70, ಲೆಗಿಯಾ 54.

ಯಾಗಿಯೆಲೋನಿಯಾ ಕತೆ ನನಗೆ ಇನ್ನೂ ಹಿಡಿಸುತ್ತದೆ. ಬಿಯಾವಿಸ್ತೋಕ್ ಇರೋದು ಪೋಲೆಂಡಿನ ಈಶಾನ್ಯ ಮೂಲೆಯಲ್ಲಿ, ಬೆಲಾರುಸ್ ಗಡಿಗೆ ಹತ್ತಿರ. ಕ್ಲಬ್ ಹುಟ್ಟಿದ್ದು 1920ರಲ್ಲಿ, ಮೊದಲ ಸಲ ಲೀಗ್ ಗೆದ್ದಿದ್ದು 2024ರಲ್ಲಿ. ಗೆಲ್ಲಿಸಿದ ಕೋಚ್ ಆಡ್ರಿಯನ್ ಶೆಮಿಯೆನೆತ್ಸ್. ಆಗ ಅವರಿಗೆ ಬರೀ 32 ವರ್ಷ, ತಂಡದ ಕೆಲವು ಆಟಗಾರರಿಗಿಂತ ಚಿಕ್ಕವರು. ಸ್ಪೇನಿನಿಂದ ಬಂದ ಹೆಸುಸ್ ಇಮಾಸ್ ಅಲ್ಲಿ ನೆಲೆಯೂರಿ ವರ್ಷಗಳಿಂದ ಗೋಲು ಹೊಡೆಯುತ್ತಲೇ ಇದ್ದರು. ಆ ಸೀಸನ್‌ನಲ್ಲಿ ತಂಡ 77 ಗೋಲು ಹೊಡೆಯಿತು. ಕೊನೆಯ ದಿನ ವಾರ್ತಾ ಪೋಜ್ನಾನ್ ತಂಡವನ್ನು 3-0ರಿಂದ ಸೋಲಿಸಿ 63 ಅಂಕಕ್ಕೆ ಬಂತು. ಶ್ಲೊಂಸ್ಕ್‌ಗೂ 63. ಅಂಕ ಸಮ ಆದರೆ ಪೋಲೆಂಡಿನಲ್ಲಿ ಮೊದಲು ನೋಡೋದು ಆ ಎರಡು ತಂಡಗಳ ನಡುವಿನ ಪಂದ್ಯಗಳನ್ನು. ಅದರಲ್ಲಿ ಯಾಗಿಯೆಲೋನಿಯಾ ಮೇಲು.

ಸರಿ, ಗೆದ್ದಾಯಿತು. ಆಮೇಲೆ? ಅದೇ ಬೇಸಿಗೆಯಲ್ಲಿ ಎಡಬದಿಯ ಡಿಫೆಂಡರ್ ಬಾರ್ತ್ವೊಮಿಯೆಯ್ ವ್ದೋವಿಕ್ ಪೋರ್ಚುಗಲ್‌ನ ಬ್ರಾಗಾಕ್ಕೆ ಹೋದರು. ವಿಂಗರ್ ದೊಮಿನಿಕ್ ಮಾರ್ಚುಕ್ ಅಮೆರಿಕದ ರಿಯಲ್ ಸಾಲ್ಟ್ ಲೇಕ್‌ಗೆ ಹೋದರು. ಗೋಲ್‌ಕೀಪರ್ ಜ್ಲಾತನ್ ಅಲೊಮೆರೋವಿಚ್ ಕೂಡ ಬಿಟ್ಟರು. ಚಾಂಪಿಯನ್ ಆಗೋದು ಅಂದರೆ ಇಲ್ಲಿ ಅಂಗಡಿ ಬಾಗಿಲು ತೆರೆದಿಟ್ಟ ಹಾಗೆ. ತಂಡ ಇನ್ನೂ ಜೋಡಣೆ ಆಗಿರೋದಿಲ್ಲ, ಜುಲೈನಲ್ಲೇ ಅರ್ಹತಾ ಪಂದ್ಯಗಳು ಬಂದು ನಿಲ್ಲುತ್ತವೆ. ಚಾಂಪಿಯನ್ಸ್ ಲೀಗ್ ಅರ್ಹತೆಯಲ್ಲಿ ನಾರ್ವೆಯ ಬೋಡೊ ಗ್ಲಿಮ್ಟ್ ಎದುರು ಎರಡೂ ಪಂದ್ಯ ಸೋತರು. ಯುರೋಪಾ ಲೀಗ್ ಅರ್ಹತೆಯಲ್ಲಿ ಆಯಾಕ್ಸ್ ಎದುರೂ ಎರಡೂ ಸೋತರು. ಅಲ್ಲಿಂದ ಕಾನ್ಫರೆನ್ಸ್ ಲೀಗ್‌ಗೆ ಇಳಿದು ಬಂದ ಮೇಲೆ ಉಸಿರು ಮರಳಿತು. ಕೋಪನ್‌ಹೇಗನ್‌ಗೆ ಹೋಗಿ 2-1ರಿಂದ ಗೆದ್ದರು. ಅಫಿಮಿಕೊ ಪುಲುಲು ಎಂಟು ಗೋಲು ಹೊಡೆದು ಆ ಟೂರ್ನಿಯ ಅತಿ ಹೆಚ್ಚು ಗೋಲುಗಾರ ಆದರು. ಕ್ವಾರ್ಟರ್‌ಫೈನಲ್ ತನಕ ಒಟ್ಟು 18 ಯುರೋಪಿಯನ್ ಪಂದ್ಯ. ಲೀಗ್‌ನಲ್ಲಿ 61 ಅಂಕ. ಗೆದ್ದ ವರ್ಷಕ್ಕಿಂತ ಎರಡೇ ಅಂಕ ಕಡಿಮೆ, ಗಮನಿಸಿ. ಅಂದರೆ ಯಾಗಿಯೆಲೋನಿಯಾ ಕುಸಿಯಲಿಲ್ಲ. ವಾರವಿಡೀ ಮನೆಯಲ್ಲೇ ಇದ್ದ ಇಬ್ಬರು ಮುಂದಕ್ಕೆ ಓಡಿದರು, ಅಷ್ಟೇ.

ಆ ಇಬ್ಬರಲ್ಲಿ ರಾಕುವ್ ಬಗ್ಗೆ ಒಂದು ಮಾತು. ಚೆನ್ಸ್ತೊಹೋವಾ ಪೋಲೆಂಡಿನ ಕ್ಯಾಥೊಲಿಕರಿಗೆ ದೊಡ್ಡ ಯಾತ್ರಾಸ್ಥಳ, ಆದರೆ ಫುಟ್‌ಬಾಲ್ ಸ್ಟೇಡಿಯಂ ಮಾತ್ರ ಪುಟ್ಟದು, ಹಿಡಿಸೋದು ಐದೂವರೆ ಸಾವಿರ ಜನ. 2023-24ರಲ್ಲಿ ಯುರೋಪಾ ಲೀಗ್ ಆಡಬೇಕಾದಾಗ ಆ ಮೈದಾನ ನಿಯಮಕ್ಕೆ ಹೊಂದಲಿಲ್ಲ. 'ಮನೆಯ' ಪಂದ್ಯಗಳನ್ನು ಸೊಸ್ನೋವಿಯೆತ್ಸ್ ಅನ್ನೋ ಬೇರೆ ಊರಿನಲ್ಲಿ ಆಡಿದರು. ಹೀಗಾದರೆ ತವರಿನ ಪಂದ್ಯವೂ ಪ್ರಯಾಣವೇ. ಅದೇ ಹೊತ್ತಿಗೆ ಅವರನ್ನು ಕೆಳಗಿನ ದರ್ಜೆಯಿಂದ ಎತ್ತಿ ಚಾಂಪಿಯನ್ ಮಾಡಿದ್ದ ಕೋಚ್ ಮಾರೆಕ್ ಪಪ್ಶುನ್ ಬಿಟ್ಟು ಹೋಗಿದ್ದರು. ಪಪ್ಶುನ್ ಹಿಂದೆ ಶಾಲೆಯಲ್ಲಿ ಇತಿಹಾಸ ಕಲಿಸುತ್ತಿದ್ದ ಮೇಷ್ಟ್ರು. 2024ರಲ್ಲಿ ಅವರು ಮರಳಿ ಬಂದರು. ಆಗ ಯುರೋಪ್ ಇರಲಿಲ್ಲ, ವಾರಕ್ಕೊಂದೇ ಪಂದ್ಯ. 34 ಪಂದ್ಯದಲ್ಲಿ ರಾಕುವ್ ತಿಂದಿದ್ದು ಬರೀ 23 ಗೋಲು. ಏಳರಿಂದ ಎರಡಕ್ಕೆ ಜಿಗಿತ.

ಲೆಖ್ ಕಡೆ ಡೆನ್ಮಾರ್ಕಿನ ನೀಲ್ಸ್ ಫ್ರೆಡೆರಿಕ್ಸೆನ್ ಹೊಸ ಕೋಚ್. ಅವರ ಮುಂದೆ ಇದ್ದಿದ್ದು ಐದನೇ ಸ್ಥಾನಕ್ಕೆ ಇಳಿದು ಮಂಕಾಗಿದ್ದ ತಂಡ. ಮಿಡ್‌ಫೀಲ್ಡರ್ ಯೆಸ್ಪರ್ ಕಾರ್ಲ್‌ಸ್ಟ್ರೋಮ್ ಉಡಿನೇಸೆಗೆ ಹೋದರು, ವಿಂಗರ್ ಕ್ರಿಸ್ಟೋಫರ್ ವೆಲ್ಡೆ ಒಲಿಂಪಿಯಾಕೋಸ್‌ಗೆ ಹೋದರು. ಉಳಿದವರಲ್ಲಿ ನಾಯಕ ಮಿಕಾಯೆಲ್ ಇಶಾಕ್ ಇದ್ದರು, ಲೀಗ್‌ನಲ್ಲಿ 21 ಗೋಲು ಹೊಡೆದರು. ಪೋರ್ಚುಗಲ್‌ನ ಅಫೊನ್ಸೊ ಸೌಜಾ ಇದ್ದರು. ಮೇ 24ರ ಆ ಒಂದೇ ಗೋಲು ಅವರದೇ. ಕತ್ತೋವಿತ್ಸೆಯಲ್ಲಿ ಒಂದು ವರ್ಷ ಆಡಿ ಮನೆಗೆ ಮರಳಿದ್ದ ಆಂತೋನಿ ಕೊಜೂಬಾಲ್ ತರಹದ ಹುಡುಗರಿದ್ದರು. ಇಂಥ ಹುಡುಗರನ್ನು ತಿದ್ದೋಕೆ ಬೇಕಾಗಿದ್ದು ಸಮಯ. ಫ್ರೆಡೆರಿಕ್ಸೆನ್‌ಗೆ ವಾರಕ್ಕೆ ನಾಲ್ಕೈದು ದಿನ ತರಬೇತಿ ಮೈದಾನ ಸಿಕ್ಕಿತು. ಲೆಖ್‌ಗೆ ಇದು ಒಂಬತ್ತನೇ ಲೀಗ್ ಪ್ರಶಸ್ತಿ.

ಹಾಗಂತ ಗುರುವಾರ ಬಿಡುವಿದ್ದರೆ ಸಾಕು, ಕಪ್ ಕೈಗೆ ಬರುತ್ತದೆ ಅಂದುಕೊಂಡರೆ ತಪ್ಪು. 2023-24ರಲ್ಲೂ ಲೆಖ್‌ಗೆ ಶರತ್ಕಾಲದಲ್ಲಿ ಯುರೋಪ್ ಇರಲಿಲ್ಲ. ಸ್ಲೊವಾಕಿಯಾದ ಟ್ರ್ನಾವಾ ತಂಡ ಆಗಸ್ಟ್‌ನಲ್ಲೇ ಅವರನ್ನು ಮನೆಗೆ ಕಳಿಸಿತ್ತು. ಆದರೂ ಆ ವರ್ಷ ಐದನೇ ಸ್ಥಾನಕ್ಕೆ ಇಳಿದರು, ಡಿಸೆಂಬರ್‌ನಲ್ಲಿ ಕೋಚ್ ಕೆಲಸ ಹೋಯಿತು. ಬಿಡುವು ಸಿಕ್ಕರೆ ಸಾಲದು, ಅದನ್ನು ಬಳಸೋಕೂ ಗೊತ್ತಿರಬೇಕು.

ಇನ್ನೊಂದು ಆಕ್ಷೇಪ ಇದಕ್ಕಿಂತ ಗಟ್ಟಿ. ಗುರುವಾರದ ಆಟ ಬೇರೆ ದೇಶದವರಿಗೂ ಇದೆಯಲ್ಲ? ನೆರೆಯ ಚೆಕ್ ದೇಶದ ಸ್ಲಾವಿಯಾ ಪ್ರಾಗ್ 2020-21ರಲ್ಲಿ ಯುರೋಪಾ ಲೀಗ್‌ನ ಕ್ವಾರ್ಟರ್‌ಫೈನಲ್ ಆಡಿತು. ಅದೇ ವರ್ಷ ಮನೆಯ ಲೀಗ್‌ನಲ್ಲಿ ಒಂದೂ ಪಂದ್ಯ ಸೋಲದೆ ಚಾಂಪಿಯನ್ ಆಯಿತು. ದಣಿವು ಎಲ್ಲರಿಗೂ ಒಂದೇ. ಪೋಲೆಂಡಿನವರ ಕಾಲಿಗೆ ಮಾತ್ರ ಬೇರೆ ಸೀಸ ಕಟ್ಟಿರುತ್ತಾರಾ?

ನನ್ನ ಪ್ರಕಾರ ಉತ್ತರ ಇರೋದು ಲೀಗ್‌ನ ಆಕಾರದಲ್ಲಿ. ಚೆಕ್ ಲೀಗ್‌ನಲ್ಲಿ ಸ್ಲಾವಿಯಾ, ಸ್ಪಾರ್ಟಾ, ಪಿಲ್ಸೆನ್ ಹೀಗೆ ಎರಡು ಮೂರು ತಂಡ ಉಳಿದವರಿಗಿಂತ ಬಲು ಎತ್ತರ. ಭಾನುವಾರ ಮೀಸಲು ಆಟಗಾರರನ್ನು ಇಳಿಸಿದರೂ ಗೆಲ್ಲಬಹುದು. ಎಕ್ಸ್ಟ್ರಾಕ್ಲಾಸಾ ನಮ್ಮ ಬಯಲುಸೀಮೆ ಹಾಗೆ, ಎತ್ತರ ತಗ್ಗು ಕಡಿಮೆ. 2019ರಿಂದ 2025ರ ತನಕದ ಏಳು ಪ್ರಶಸ್ತಿಗಳನ್ನು ಐದು ಕ್ಲಬ್ ಹಂಚಿಕೊಂಡಿವೆ: ಪಿಯಾಸ್ಟ್, ಲೆಗಿಯಾ, ಲೆಖ್, ರಾಕುವ್, ಯಾಗಿಯೆಲೋನಿಯಾ. 2023-24ರ ಪಟ್ಟಿ ನೋಡಿ. 102 ಅಂಕ ಸಿಗಬಹುದಾದ ಕಡೆ 63 ತಗೊಂಡವರು ಚಾಂಪಿಯನ್. ಮೂರನೇ ಸ್ಥಾನದ ಲೆಗಿಯಾಗೆ 59, ಏಳನೇ ಸ್ಥಾನದ ರಾಕುವ್‌ಗೆ 52. ಮೂರರಿಂದ ಏಳರ ತನಕದ ಐದು ತಂಡ ಏಳು ಅಂಕದೊಳಗೆ ಒತ್ತಿಕೊಂಡು ನಿಂತಿವೆ. ಇಂಥ ಕಡೆ ದಣಿದ ಭಾನುವಾರಗಳಲ್ಲಿ ಎರಡು ಸೋಲು, ಎರಡು ಡ್ರಾ ಆದರೆ ಸಾಕು. ಸ್ಲಾವಿಯಾ ಆಗಿದ್ದರೆ ಅಷ್ಟಕ್ಕೆ ಮೇಲೇ ಉಳಿಯುತ್ತಿತ್ತು. ಪೋಲೆಂಡಿನಲ್ಲಿ ಅದಕ್ಕೆ ನಾಲ್ಕು ಸ್ಥಾನ ಹೋಗುತ್ತದೆ.

ಈ ಸಮತಟ್ಟಿಗೆ ಕಾರಣ ಹಲವು. ಟಿವಿ ಹಕ್ಕಿನ ಹಣ ಲೀಗ್ ಮೂಲಕ ಎಲ್ಲರಿಗೂ ಹೋಗುತ್ತದೆ, ಸಣ್ಣ ಕ್ಲಬ್ಬಿಗೂ ಬದುಕುವಷ್ಟು ಸಿಗುತ್ತದೆ. ಕೆಲವು ಕ್ಲಬ್ಬುಗಳ ಬೆನ್ನಿಗೆ ನಗರಾಡಳಿತವೇ ನಿಂತಿದೆ. ಪಿಯಾಸ್ಟ್, ಕತ್ತೋವಿತ್ಸೆಯ ಜಿಕೆಎಸ್, ಶ್ಲೊಂಸ್ಕ್ ಇವೆಲ್ಲ ಊರಿನ ದುಡ್ಡಿನ ಆಸರೆ ಇರುವ ಕ್ಲಬ್ಬುಗಳು. 2012ರ ಯುರೋ ಕಪ್‌ಗೆಂದು ವ್ರೋತ್ಸ್ವಾಫ್, ಪೋಜ್ನಾನ್, ಗ್ದಾನ್ಸ್ಕ್‌ನಲ್ಲಿ ದೊಡ್ಡ ಸ್ಟೇಡಿಯಂ ಎದ್ದವು. ಆಮೇಲೂ ಊರೂರಲ್ಲಿ ಕಟ್ಟುತ್ತಲೇ ಇದ್ದಾರೆ, ಕತ್ತೋವಿತ್ಸೆಯದು 2025ರ ಮಾರ್ಚ್‌ನಲ್ಲಿ ಬಾಗಿಲು ತೆರೆಯಿತು. ಹೊಸದಾಗಿ ಮೇಲೆ ಬಂದವರೂ ಹೊಡೆತ ತಿನ್ನೋಕೆ ಬಂದವರಲ್ಲ. 32 ವರ್ಷದ ನಂತರ ಮರಳಿದ ಮೋತೋರ್ ಲುಬ್ಲಿನ್ 2024-25ರಲ್ಲಿ ಏಳನೇ ಸ್ಥಾನ ತಗೊಂಡಿತು. ಜಿಕೆಎಸ್ ಎಂಟನೇ ಸ್ಥಾನ.

ನೋಡುವವರಿಗೆ ಇದು ಹಬ್ಬ. ಯಾರು ಗೆಲ್ಲುತ್ತಾರೆ ಅಂತ ಆಗಸ್ಟ್‌ನಲ್ಲಿ ಹೇಳೋಕಾಗಲ್ಲ, ಎಷ್ಟೋ ಸಲ ಮೇ ತಿಂಗಳಲ್ಲೂ ಹೇಳೋಕಾಗಲ್ಲ. ಆದರೆ ಆ ಹಬ್ಬದ ಖರ್ಚು ಯಾರದು ಅಂತ ಶ್ಲೊಂಸ್ಕ್‌ಅನ್ನು ಕೇಳಬೇಕು.

2023-24ರಲ್ಲಿ ಶ್ಲೊಂಸ್ಕ್ ಎರಡನೆಯದಾಗಲು ದೊಡ್ಡ ಕಾರಣ ಎರಿಕ್ ಎಕ್ಸ್‌ಪೋಸಿತೊ. 19 ಗೋಲು, ಲೀಗ್‌ನಲ್ಲೇ ಅತಿ ಹೆಚ್ಚು. ಆ ವರ್ಷ ಇಡೀ ತಂಡ ಹೊಡೆದಿದ್ದೇ 50. ಒಪ್ಪಂದ ಮುಗಿದ ಕೂಡಲೇ ಅವರು ಕತಾರ್‌ಗೆ ಹೋದರು. ಅವರ ಜಾಗ ತುಂಬಲಿಲ್ಲ. ಕಾನ್ಫರೆನ್ಸ್ ಲೀಗ್ ಅರ್ಹತಾ ಹಂತದಲ್ಲಿ ಸ್ವಿಟ್ಜರ್ಲೆಂಡಿನ ಸೇಂಟ್ ಗಾಲೆನ್ ಎದುರು ಆಗಸ್ಟ್‌ನಲ್ಲೇ ಹೊರಬಿದ್ದರು. ಅಂದರೆ ಶರತ್ಕಾಲದ ಹೊರೆ ಅವರ ಮೇಲೆ ಬೀಳಲೇ ಇಲ್ಲ. ಅಷ್ಟಾದರೂ ಲೀಗ್‌ನ ತಳ ಸೇರಿದರು. ನವೆಂಬರ್‌ನಲ್ಲಿ ಕೋಚ್ ಯಾತ್ಸೆಕ್ ಮಾಗಿಯೆರಾ ಅವರನ್ನು ಕಳಿಸಿದರು. ವಸಂತದಲ್ಲಿ ಹೊಸ ಕೋಚ್ ಆಂತೆ ಶಿಮುಂಜಾ ಕೈಯಲ್ಲಿ ಸ್ವಲ್ಪ ಚೇತರಿಸಿಕೊಂಡರೂ ಸಾಲಲಿಲ್ಲ, 17ನೇ ಸ್ಥಾನಕ್ಕೆ ನಿಂತು ಕೆಳಗೆ ಹೋದರು. ಸಮತಟ್ಟಾದ ಲೀಗ್‌ನಲ್ಲಿ ಎರಡನೇ ಸ್ಥಾನಕ್ಕೂ ಹದಿನೇಳನೇ ಸ್ಥಾನಕ್ಕೂ ನಡುವೆ ಕೆಲವೊಮ್ಮೆ ಒಬ್ಬ ಒಳ್ಳೆ ಸ್ಟ್ರೈಕರ್ ಮಾತ್ರ ಇರುತ್ತಾನೆ.

ಮಾಗಿಯೆರಾ ಹೆಸರು ಬಂದಿದ್ದು ಒಳ್ಳೆಯದಾಯಿತು. 2024-25ರ ತನಕ ನೋಡಿದರೆ, ಯುರೋಪ್ ಆಡಿಯೂ ಮನೆಯಲ್ಲಿ ಗೆದ್ದ ಕೊನೆಯ ಉದಾಹರಣೆ ಅವರದೇ. 2016-17ರಲ್ಲಿ ಲೆಗಿಯಾ ಚಾಂಪಿಯನ್ಸ್ ಲೀಗ್‌ನ ಗುಂಪು ಹಂತದಲ್ಲಿತ್ತು. ಮನೆಯಲ್ಲಿ ಡಾರ್ಟ್‌ಮುಂಡ್ ಎದುರು 0-6, ಅಲ್ಲಿಗೆ ಹೋಗಿ 4-8. ಹಾಗೇ ರಿಯಲ್ ಮ್ಯಾಡ್ರಿಡ್ ಜೊತೆ 3-3 ಡ್ರಾ. ಸೀಸನ್ ನಡುವೆ ಬಂದ ಮಾಗಿಯೆರಾ ಆ ತಂಡವನ್ನು ಲೀಗ್ ಚಾಂಪಿಯನ್ ಮಾಡಿದರು. ಆದರೆ ಚಾಂಪಿಯನ್ಸ್ ಲೀಗ್ ತಂದ ದುಡ್ಡು ಬೇರೆ ಮಟ್ಟದ್ದು. ಅದರಿಂದ ಬೆಂಚು ಗಟ್ಟಿ ಮಾಡಿಕೊಳ್ಳಬಹುದು. ಕಾನ್ಫರೆನ್ಸ್ ಲೀಗ್‌ನ ಲೀಗ್ ಹಂತ ತಲುಪಿದರೆ 31.7 ಲಕ್ಷ ಯೂರೊ, ಆಮೇಲೆ ಒಂದೊಂದು ಗೆಲುವಿಗೆ 4 ಲಕ್ಷ. ಪೋಲೆಂಡಿನ ಕ್ಲಬ್ಬಿಗೆ ಇದು ಸಣ್ಣ ಮೊತ್ತ ಅಲ್ಲ, ಬೇಡ ಅನ್ನೋಕೆ ಆಗದಷ್ಟಿದೆ. ಆದರೆ ಎರಡು ಪೂರ್ತಿ ತಂಡ ಸಾಕುವಷ್ಟೂ ಇಲ್ಲ. ಎರಡು ದೋಣಿಯ ಮೇಲೆ ಕಾಲಿಟ್ಟ ಸ್ಥಿತಿ ಹುಟ್ಟೋದು ಇಲ್ಲೇ.

ಇನ್ನೊಂದು ವಿಚಿತ್ರ ಇದೆ. ಯುರೋಪಿನ ಫುಟ್‌ಬಾಲ್ ಸಂಸ್ಥೆ ಯುಇಎಫ್‌ಎ ದೇಶಗಳಿಗೆ ರ‍್ಯಾಂಕ್ ಕೊಡುತ್ತದೆ. ಆ ದೇಶದ ಕ್ಲಬ್ಬುಗಳು ಐದು ವರ್ಷದಲ್ಲಿ ಗಳಿಸಿದ ಅಂಕವೇ ಅದಕ್ಕೆ ಆಧಾರ. ಲೆಗಿಯಾ ಲಂಡನ್ನಿನಲ್ಲಿ ಚೆಲ್ಸಿಯನ್ನು 2-1ರಿಂದ ಸೋಲಿಸಿದ ಅಂಕ ಲೆಗಿಯಾ ಲೆಕ್ಕದ ಜೊತೆ ಪೋಲೆಂಡಿನ ಖಾತೆಗೂ ಬೀಳುತ್ತದೆ. 2024-25 ಮುಗಿದಾಗ ಪೋಲೆಂಡ್ 15ನೇ ಸ್ಥಾನಕ್ಕೆ ಏರಿತ್ತು. ಅದರ ಫಲ 2026-27ಕ್ಕೆ: ನಾಲ್ಕರ ಬದಲು ಐದು ಕ್ಲಬ್ಬುಗಳಿಗೆ ಯುರೋಪ್, ಅದರಲ್ಲಿ ಮೊದಲೆರಡು ಸ್ಥಾನದವರಿಗೆ ಚಾಂಪಿಯನ್ಸ್ ಲೀಗ್ ಅರ್ಹತಾ ಹಂತ. ಈ ಏಣಿ ಕಟ್ಟಿದವರಲ್ಲಿ ಆ ವರ್ಷ ಮುಂದೆ ನಿಂತವರು ಯಾಗಿಯೆಲೋನಿಯಾ, ಲೆಗಿಯಾ. ಅದೇ ವರ್ಷ ಮೊದಲೆರಡು ಸ್ಥಾನದಲ್ಲಿ ಕೂತವರು ಏಣಿಗೆ ಒಂದು ಮೊಳೆಯನ್ನೂ ಹೊಡೆಯದವರು. ಊರಿಗೆ ಉಪಕಾರಿ, ಮನೆಗೆ ಮಾರಿ ಅಂತಾರಲ್ಲ, ಹಾಗೆ. ಲೆಖ್‌ಗೆ ಬೈಯೋಕಾಗಲ್ಲ, ಹಿಂದಿನ ವರ್ಷಗಳಲ್ಲಿ ಅವರೂ ಆ ಬೆಲೆ ಕೊಟ್ಟವರೇ. ಸರದಿ ಬದಲಾಗುತ್ತದೆ, ಅಷ್ಟೇ.

ಪಾಪ ಅನಿಸೋದು ಪೊಗೊನ್ ಶ್ಚೆಚಿನ್ ಬಗ್ಗೆ. 2024-25ರಲ್ಲಿ ಅವರ ಗ್ರೀಕ್ ಸ್ಟ್ರೈಕರ್ ಎಫ್ತಿಮಿಸ್ ಕುಲುರಿಸ್ 28 ಗೋಲು ಹೊಡೆದರು. ತಂಡ ನಾಲ್ಕನೇ ಸ್ಥಾನ ತಗೊಂಡಿತು. ಆದರೂ ಯುರೋಪ್ ಸಿಗಲಿಲ್ಲ. ಪೋಲಿಷ್ ಕಪ್ ಗೆದ್ದವರಿಗೆ ಒಂದು ಜಾಗ ಮೀಸಲು, ಅದನ್ನು ಐದನೇ ಸ್ಥಾನದ ಲೆಗಿಯಾ ತಗೊಂಡಿತು. ಕಪ್ ಫೈನಲ್‌ನಲ್ಲಿ ಲೆಗಿಯಾ ಸೋಲಿಸಿದ್ದು ಯಾರನ್ನು ಅಂತೀರಿ? ಪೊಗೊನ್‌ಅನ್ನೇ, 4-3ರಿಂದ. ಹಿಂದಿನ ವರ್ಷದ ಫೈನಲ್‌ನಲ್ಲೂ ಪೊಗೊನ್ ಸೋತಿತ್ತು, ಅದೂ ಎರಡನೇ ದರ್ಜೆಯ ವಿಸ್ವಾ ಕ್ರಾಕುವ್ ಎದುರು. 1948ರಲ್ಲಿ ಹುಟ್ಟಿದ ಈ ಕ್ಲಬ್ಬಿನ ಕಪಾಟಿಗೆ ದೊಡ್ಡ ಪ್ರಶಸ್ತಿ ಅಂತ ಒಂದೂ ಬಂದಿಲ್ಲ. ಅವರಿಗೆ ಗುರುವಾರದ ಕಷ್ಟ ಇದ್ದಿದ್ದರೂ ಸಂತೋಷವೇ ಆಗುತ್ತಿತ್ತೇನೋ.

2025ರ ಶರತ್ಕಾಲಕ್ಕೆ ಈ ಲೆಕ್ಕ ಇನ್ನೊಂದು ಮಟ್ಟಕ್ಕೆ ಹೋಯಿತು. ಲೆಖ್, ರಾಕುವ್, ಯಾಗಿಯೆಲೋನಿಯಾ, ಲೆಗಿಯಾ ನಾಲ್ಕೂ ಕಾನ್ಫರೆನ್ಸ್ ಲೀಗ್‌ನ ಲೀಗ್ ಹಂತ ತಲುಪಿದವು. ದೊಡ್ಡವರೆಲ್ಲ ಒಟ್ಟಿಗೆ ಗುರುವಾರದ ಸಾಲಿನಲ್ಲಿ ನಿಂತರು. ರಾಕುವ್ 36 ತಂಡಗಳ ಪಟ್ಟಿಯಲ್ಲಿ ಎರಡನೇ ಸ್ಥಾನ ಪಡೆದು ನೇರ ಮುಂದೆ ಹೋಯಿತು. ಚಾಂಪಿಯನ್ ಲೆಖ್ ಜಿಬ್ರಾಲ್ಟರ್‌ಗೆ ಹೋಗಿ ಲಿಂಕನ್ ರೆಡ್ ಇಂಪ್ಸ್ ಅನ್ನೋ ಪುಟ್ಟ ತಂಡದ ಎದುರು 2-1ರಿಂದ ಸೋತು ಬಂತು. ಮನೆಯ ಲೀಗ್‌ನಲ್ಲಿ ಆ ಶರತ್ಕಾಲದಲ್ಲಿ ಮುಂದೆ ಬಂದವರಲ್ಲಿ ಗೂರ್ನಿಕ್ ಜಾಬ್ಜೆ ಇತ್ತು, ಆಗಷ್ಟೇ ಮೇಲೆ ಬಂದಿದ್ದ ವಿಸ್ವಾ ಪ್ವೊತ್ಸ್ಕ್ ಇತ್ತು. ಇಬ್ಬರಿಗೂ ಗುರುವಾರ ರಜೆ. ಯಾಗಿಯೆಲೋನಿಯಾ, ರಾಕುವ್ ಅವರ ಬೆನ್ನಿಗೇ ಇದ್ದವು ಅನ್ನೋದನ್ನೂ ಹೇಳಬೇಕು. ಯುರೋಪ್ ಆಡಿದವರೆಲ್ಲ ಒಂದೇ ಹಾಗೆ ಬೀಳುವುದಿಲ್ಲ.

ತೀರಾ ಕೆಳಗೆ ಬಿದ್ದಿದ್ದು ಲೆಗಿಯಾ. ಅಕ್ಟೋಬರ್ ಮುಗಿಯುವಾಗ ಕೋಚ್ ಎಡ್ವರ್ಡ್ ಯೊರ್ಡನೆಸ್ಕು ಹೋದರು. ಡಿಸೆಂಬರ್ 18ರ ಗುರುವಾರ ಲೆಗಿಯಾ ಅದೇ ಲಿಂಕನ್ ರೆಡ್ ಇಂಪ್ಸ್ ತಂಡವನ್ನು 4-1ರಿಂದ ಸೋಲಿಸಿತು, ಆದರೆ ಅಷ್ಟರಲ್ಲಿ ಟೂರ್ನಿಯಿಂದ ಹೊರಬಿದ್ದಾಗಿತ್ತು. ಅದೇ ತಿಂಗಳು ರಾಕುವ್‌ನಿಂದ ಮಾರೆಕ್ ಪಪ್ಶುನ್ ಅವರನ್ನು ಕರೆತಂದರು. ವಾರಕ್ಕೊಂದು ಪಂದ್ಯ ಕೊಟ್ಟರೆ ತಂಡ ಕಟ್ಟಿ ತೋರಿಸುವ ಮೇಷ್ಟ್ರು. ಹಿಮದ ಬಿಡುವು ಕಳೆದ ಮೇಲೆ ಲೆಗಿಯಾಗೆ ಎಲ್ಲ ಗುರುವಾರಗಳೂ ಖಾಲಿ. ಆದರೆ ಬಿಡುವಿಗೆ ಹೋಗುವಾಗ ತಂಡ ಇದ್ದಿದ್ದು ಕೊನೆಯ ಮೂವರ ಸಾಲಿನಲ್ಲಿ. ಹದಿನೈದು ಸಲ ಲೀಗ್ ಗೆದ್ದ ಕ್ಲಬ್ಬಿಗೆ ವಸಂತದಲ್ಲಿ ಮೊದಲು ಬೇಕಾಗಿದ್ದು ಹದಿನೈದನೇ ಸ್ಥಾನ.